ಇಪ್ಪತ್ತು ಎಂದು ಬರೆದಿತ್ತು

ದೋಣಿಯ ಹಿಂಬದಿಯ ಹಲಗೆಯ ಮೇಲೆ ಹಳದಿ ಬಣ್ಣದಲ್ಲಿ 20 ಎಂದು ಬರೆದಿತ್ತು. ಉಪ್ಪುನೀರಿಗೆ ಬಣ್ಣ ಹೊಪ್ಪಳಿಕೆ ಎದ್ದು ಸೊನ್ನೆಯ ಅರ್ಧ ಉದುರಿತ್ತು. ಆದರೂ ಓದಬಲ್ಲವನಿಗೆ ಸಂಶಯಕ್ಕೆ ಎಡೆಯಿರಲಿಲ್ಲ. ನಾನು ಓದಬಲ್ಲವನೇ. ಹುಬ್ಬಳ್ಳಿಯ ರೈಲ್ವೆ ವರ್ಕ್‌ಶಾಪಿನಲ್ಲಿ ಮೂವತ್ತೆರಡು ವರ್ಷ ಪೇಂಟಿನ ಕೆಲಸ ಮಾಡಿದವನು. ಡಬ್ಬಿಗಳ ಮೈಮೇಲೆ ಸ್ಟೆನ್ಸಿಲ್ ಒತ್ತಿ ಹಿಡಿದು ಅಂಕಿ ಬರೆಯುವುದೇ ನನ್ನ ಅನ್ನವಾಗಿತ್ತು. ಡಬ್ಬಿಯ ನಂಬರು, ಖಾಲಿ ಇದ್ದಾಗಿನ ತೂಕ, ಎಷ್ಟು ಜನ ಕೂಡಬೇಕು, ಮುಂದಿನ ದುರಸ್ತಿ ಯಾವಾಗ ಇವೆಲ್ಲ ನನ್ನ ಕೈಯಿಂದ ಸಾವಿರಾರು ಸಲ ಹಾದುಹೋಗಿವೆ. ಎಲ್ಲಿ ಅಂಕಿ ಕಂಡರೂ ಕಣ್ಣು ಮೊದಲು ಅಲ್ಲಿಗೇ ಹೋಗುತ್ತದೆ. ಆ ದಿನವೂ ಹೋಯಿತು. ಅಂಕಿ ನೋಡಿದೆ, ಜನರನ್ನು ಎಣಿಸಿದೆ. 31 ಮಂದಿ ಇದ್ದೆವು.

ಇದು 2018ರ ಡಿಸೆಂಬರಿನ ಮಾತು. ಗೋಪನಕೊಪ್ಪದ ನಮ್ಮ ಓಣಿಯ ಮೂರು ಮನೆಯವರು ಸೇರಿ ಕ್ರಿಸ್‌ಮಸ್ ರಜೆಯಲ್ಲಿ ಕಾರವಾರಕ್ಕೆ ಹೋಗಿದ್ದೆವು. ಇಡೀ ದಿನ ದೋಣಿಯಲ್ಲಿ ದ್ವೀಪ ಸುತ್ತುವುದು, ಸಂಜೆ ದಂಡೆಗೆ ಬಂದು ರಾತ್ರಿಯೇ ಊರಿಗೆ ಹೊರಡುವುದು ಅಂತ ನಿಶ್ಚಯ. ಬೆಳಗಿನ ನಾಲ್ಕಕ್ಕೆ ಒಂದು ಕ್ರೂಸರ್, ಒಂದು ಟೆಂಪೊ ಬಿಟ್ಟವು. ಕಲಘಟಗಿ ದಾಟುವಾಗ ಕತ್ತಲೆ. ಯಲ್ಲಾಪುರದಲ್ಲಿ ಚಹಾ ಕುಡಿದು, ಅರಬೈಲ್ ಘಟ್ಟ ಇಳಿದು, ಅಂಕೋಲೆಯಲ್ಲಿ ಸಮುದ್ರದ ಗಾಳಿ ಮೂಗಿಗೆ ಬಡಿದಾಗ ಮಕ್ಕಳೆಲ್ಲ ಎದ್ದು ಕುಳಿತವು. ಸುಮಾರು 165 ಕಿ.ಮೀ. ದಾರಿ. ಬುತ್ತಿಯಲ್ಲಿ ಕಟಕ ರೊಟ್ಟಿ, ಎಣ್ಣಿಗಾಯಿ, ಶೇಂಗಾ ಚಟ್ನಿ, ಎರಡು ಡಬ್ಬಿ ಮೊಸರನ್ನ.

ಗೋಪನಕೊಪ್ಪದವರಿಗೆ ಸಮುದ್ರವೆಂದರೆ ಏನು ಎಂಬುದನ್ನು ಇಲ್ಲಿ ಹೇಳಬೇಕು. ಒಂದು ಕಾಲಕ್ಕೆ ಹಳ್ಳಿಯಾಗಿದ್ದ ಊರು ಈಗ ಹುಬ್ಬಳ್ಳಿಯ ಹೊಟ್ಟೆಯೊಳಗಿದೆ. ಪಕ್ಕದ ಬೆಂಗೇರಿಯಲ್ಲಿ ದೇಶದ ರಾಷ್ಟ್ರಧ್ವಜ ತಯಾರಾಗುತ್ತದೆ, ಆದರೆ ನಮ್ಮ ನಳಕ್ಕೆ ನೀರು ವಾರಕ್ಕೊಮ್ಮೆ, ಒಮ್ಮೊಮ್ಮೆ ಅದಕ್ಕೂ ತಡವಾಗಿ ಬರುತ್ತದೆ. ಮಲಪ್ರಭೆಯ ನೀರು ಸವದತ್ತಿಯಿಂದ ಕೊಳವೆಯಲ್ಲಿ ಬಂದು, ಓಣಿಯಲ್ಲಿ 'ನಳ ಬಂತು' ಅಂತ ಕೂಗು ಎದ್ದರೆ ಕೆಲಸ ಬಿಟ್ಟು ಓಡುತ್ತೇವೆ. ಬ್ಯಾರಲ್ಲಿಗೆ ಎಷ್ಟು ಕೊಡ, ತಾಮ್ರದ ಹಂಡೆಗೆ ಎಷ್ಟು ಕೊಡ ಅನ್ನುವ ಲೆಕ್ಕ ಮಕ್ಕಳಿಗೂ ಬಾಯಿಪಾಠ. ತುಂಬಿದ ಬ್ಯಾರಲ್ಲಿಗೆ ಇನ್ನೊಂದು ಕೊಡ ಸುರಿದರೆ ಅದು ಚೆಲ್ಲಿಹೋಗುತ್ತದೆ ಎಂಬುದು ನಮಗೆ ಯಾರೂ ಕಲಿಸಬೇಕಾದ ಪಾಠವಲ್ಲ. ಈಜು ಮಾತ್ರ ನಮ್ಮಲ್ಲಿ ನೂರಕ್ಕೆ ನಾಲ್ಕು ಮಂದಿಗೆ ಬಂದರೆ ಹೆಚ್ಚು. ನೋಡಿದ ದೋಣಿಯೆಂದರೆ ಉಣಕಲ್ ಕೆರೆಯ ಕಾಲಿನಿಂದ ತುಳಿಯುವ ದೋಣಿ. ಅಂಥವರು ಕಾಳಿ ನದಿ ಸಮುದ್ರ ಸೇರುವ ಅಳಿವೆಯ ಎದುರು ನಿಂತರೆ ಮೈಮರೆಯುತ್ತಾರೆ. ಅದರಲ್ಲಿ ತಪ್ಪೇನೂ ಇಲ್ಲ. ಹತ್ತೊಂಬತ್ತನೆಯ ಶತಮಾನದ ಎಂಬತ್ತರ ದಶಕದಲ್ಲಿ, ಕಾರವಾರದಲ್ಲಿ ನ್ಯಾಯಾಧೀಶರಾಗಿದ್ದ ಅಣ್ಣ ಸತ್ಯೇಂದ್ರನಾಥರ ಮನೆಗೆ ಬಂದಿದ್ದ ತರುಣ ರವೀಂದ್ರನಾಥ ಠಾಕೂರರು ಬೆಳದಿಂಗಳಲ್ಲಿ ಇದೇ ಕಾಳಿಯ ಮೇಲೆ ದೋಣಿಯಲ್ಲಿ ಹೋಗಿದ್ದರು. ಆ ರಾತ್ರಿಯನ್ನು ಅವರು ಮುಪ್ಪಿನ ಹೊಸ್ತಿಲಲ್ಲಿ ಬರೆದ ಆತ್ಮಕಥನದಲ್ಲೂ ನೆನೆದಿದ್ದಾರೆ. ಗಂಗೆಯ ದೇಶದಿಂದ ಬಂದವರಿಗೇ ಹಾಗಾದರೆ ನಮ್ಮ ಪಾಡು ಕೇಳಬೇಕೆ?

ನಾವು 24 ಮಂದಿ ಇದ್ದೆವು. ದೋಣಿಯವ ತಲೆಗೆ ಇಷ್ಟು ಎಂದು ಹೇಳಿದ. ನಾಲ್ಕು ಮಂದಿ ಆಗಲೇ ಹೆಚ್ಚಾಗಿದ್ದೇವೆ ಎಂಬುದು ನನಗೊಬ್ಬನಿಗೆ ಗೊತ್ತು. ಅಷ್ಟರಲ್ಲಿ ಇನ್ನೊಂದು ಕುಟುಂಬ ಬಂತು, ಏಳು ಮಂದಿ. ಅವರಿಗೂ ಅದೇ ದ್ವೀಪ, ಅದೇ ದಿನ. "ಸ್ವಲ್ಪ ಸರೀರಿ, ಅಡ್ಜಸ್ಟ್ ಮಾಡ್ಕೊಳ್ರಿ" ಅಂದ ದೋಣಿಯವ. ನಮ್ಮವರು ಸರಿದರು. ಒಬ್ಬರೂ ಗೊಣಗಲಿಲ್ಲ. ಕೂಸು ಎತ್ತಿಕೊಂಡಿದ್ದ ಆ ಮನೆಯ ಹೆಣ್ಣುಮಗಳಿಗೆ ನನ್ನ ಹೆಂಡತಿಯೇ ಜಾಗ ಮಾಡಿಕೊಟ್ಟಳು. ಲೈಫ್ ಜಾಕೆಟ್ ಕೇಳಿದವರಿಗೆ ಹುಡುಗನೊಬ್ಬ ಹಿಂದಿನ ತಾಡಪತ್ರಿ ಎತ್ತಿ ತೋರಿಸಿದ. ಎಂಟೋ ಒಂಬತ್ತೋ ಇದ್ದವು. ಕಿತ್ತಳೆ ಬಣ್ಣ ಬಿಳಚಿತ್ತು, ಎರಡರ ಬಕಲ್ ಮುರಿದು ಸುತಳಿ ಕಟ್ಟಿತ್ತು. "ಬೇಕಾದ್ರ ಹಾಕ್ಕೊಳ್ರಿ" ಎಂದ. ಫೋಟೊ ಚೆನ್ನಾಗಿ ಬರುವುದಿಲ್ಲ ಎಂದು ಯಾರೂ ಹಾಕಿಕೊಳ್ಳಲಿಲ್ಲ.

ಆಗ ವೈನಿ ಕೇಳಿದರು. ನಮ್ಮ ವೈನಿ, ದಿವಂಗತ ಅಣ್ಣನ ಹೆಂಡತಿ. ನವಲಗುಂದ ತಾಲ್ಲೂಕಿನವರು, ಬೆಣ್ಣಿಹಳ್ಳದ ದಂಡೆಯ ಊರು. ಆ ಹಳ್ಳ ಬೇಸಿಗೆಯಲ್ಲಿ ಎಮ್ಮೆ ಮೈ ತೊಳೆಯಲೂ ಸಾಲದು, ಮಳೆ ಬಂದರೆ ಕರಿನೆಲದ ಮೇಲೆ ತಾಸಿನೊಳಗೆ ಹೊಲ ಯಾವುದು ಹಳ್ಳ ಯಾವುದು ತಿಳಿಯದು. ಹತ್ತು ವರ್ಷದವರಿದ್ದಾಗ ಜೋಡೆತ್ತು ಕಟ್ಟಿದ ಚಕ್ಕಡಿ ಆ ಹಳ್ಳದಲ್ಲಿ ಹೋದದ್ದನ್ನು ಅವರು ದಂಡೆಯ ಮೇಲೆ ನಿಂತು ನೋಡಿದ್ದಾರೆ. ಎರಡನೇ ಇಯತ್ತೆಗೆ ಸಾಲೆ ಬಿಟ್ಟವರು. ಚಷ್ಮಾ ಚೀಲದಲ್ಲಿತ್ತು.

"ತಮ್ಮಾ, ಹಿಂದ ಏನೋ ಬರದಾರಲ್ಲ, ಎಷ್ಟು ಮಂದಿ ಹತ್ತಬೇಕಂತ?"

ದೋಣಿಯಲ್ಲಿ ಎಲ್ಲರೂ ಕೂತಾಗಿತ್ತು. ಬಿಸಿಲು ಏರುತ್ತಿತ್ತು. ಎರಡನೆಯ ದೋಣಿ ಮಾಡಬೇಕೆಂದರೆ ಮತ್ತೆ ಐದಾರು ಸಾವಿರ. ನಾನು ಬಾಯಿ ಬಿಟ್ಟರೆ ಕೂಸಿನ ತಾಯಿಯನ್ನು ಎಬ್ಬಿಸಬೇಕು. ಇಷ್ಟೆಲ್ಲ ಒಂದು ಕ್ಷಣದಲ್ಲಿ ತಲೆಯಲ್ಲಿ ಹಾದುಹೋಯಿತು.

"ಮೂವತ್ತು ಅಂತ ಬರದಾರ್ರಿ ವೈನಿ" ಅಂದೆ.

ವೈನಿ ಬೆರಳು ಮಡಿಚಿ ಎಣಿಸಿದರು. "ನಾವು ಮೂವತ್ತೊಂದ ಆಗ್ತೀವಿ. ಹಂಗಾರ ನಾ ಇಳೀತೀನಿ. ಈ ಹುಡುಗನೂ ಇರಲಿ ನನ್ನ ಸಂಗಾಟ" ಎಂದವರೇ ಎಂಟು ವರ್ಷದ ಮೊಮ್ಮಗನ ರಟ್ಟೆ ಹಿಡಿದು ದಂಡೆಗೆ ಇಳಿದುಬಿಟ್ಟರು. ಹುಡುಗ ಬೋರಾಡಿ ಅತ್ತ. ಅವರ ಮಗ ಸಿಟ್ಟಿಗೆದ್ದ: "ಅವ್ವಾ, ಎಲ್ಲಾರೂ ಹೊಂಟಾರ, ನಿಂದೊಂದ ತಗಾದಿ. ಹೊರಡೂ ಮುಂದ ಅಪಶಕುನ ಮಾಡಬ್ಯಾಡ." ಅವರು ತಿರುಗಿ ಮಾತಾಡಲಿಲ್ಲ. ದಂಡೆಯ ಗಾಳಿಮರದ ನೆರಳಿಗೆ ಹೋಗಿ ಕೂತರು. ನನ್ನ ಸುಳ್ಳನ್ನೇ ಹಿಡಿದು, ಅದರ ಲೆಕ್ಕದಲ್ಲೇ, ಅವರು ಸರಿಯಾದ ಕೆಲಸ ಮಾಡಿದ್ದರು. ನಾನು ಸತ್ಯ ಗೊತ್ತಿದ್ದೂ ಕೂತಲ್ಲೇ ಕೂತಿದ್ದೆ.

ಆ ದಿನ ಚೆಂದವಾಗಿತ್ತು ಎಂಬುದನ್ನು ಮುಚ್ಚಿಡುವುದಿಲ್ಲ. ಕಾಳಿಯ ಹಸಿರು ನೀರು ಒಂದು ಗೆರೆ ಹೊಡೆದಂತೆ ಮುಗಿದು ಸಮುದ್ರದ ನೀಲಿ ಶುರುವಾಗುವ ಜಾಗ, ಬಲಕ್ಕೆ ಸದಾಶಿವಗಡದ ಗುಡ್ಡ, ದೇವಬಾಗದ ಮರಳು, ದೂರಕ್ಕೆ ದೇವಗಡದ ದೀಪಸ್ತಂಭ. ಇನ್ನೊಂದು ಕಡೆ ಅಂಜುದೀವ ಕಂಡೂ ಕಾಣದಂತಿತ್ತು. ಕೂರ್ಮಗಡ ಹೆಸರಿಗೆ ತಕ್ಕಂತೆ ಆಮೆಯ ಬೆನ್ನಿನ ಹಾಗೆ ನೀರಿನಿಂದೆದ್ದಿತ್ತು. ಅಲ್ಲಿ ಇಳಿದು ನರಸಿಂಹ ದೇವರಿಗೆ ಕಾಯಿ ಒಡೆಸಿ, ನೆರಳಲ್ಲಿ ಬುತ್ತಿ ಬಿಚ್ಚಿದೆವು. ನಡುವೆ ಡಾಲ್ಫಿನ್ ಎದ್ದಾಗ ಇಡೀ ದೋಣಿ 'ಅಗೋ ಅಲ್ಲಿ' ಎಂದು ಎಡಕ್ಕೆ ವಾಲಿತು. ಜನ ವಾಲಿದ್ದಷ್ಟೇ ಅಲ್ಲ, ದೋಣಿಯೇ ವಾಲಿತು. ದೋಣಿಯವ ಕೊಂಕಣಿಯಲ್ಲಿ ಚೀರಿದ. ಎಲ್ಲರೂ ನಕ್ಕು ಕೂತರು.

ನಾನು ಒಂದು ಕಡೆ ಅಂಚಿಗೆ ಕೂತಿದ್ದೆ. ಕೈಯಿಂದ ಅಳೆಯುವುದು ಕೆಲಸದ ರೂಢಿ. ಜನ ಹತ್ತುವ ಮೊದಲು ನೀರಿನಿಂದ ಅಂಚಿಗೆ ಒಂದು ಮೊಳ ಇತ್ತು. ಹತ್ತಿದ ಮೇಲೆ ಒಂದು ಗೇಣು. ಸಂಜೆ ನಾಲ್ಕರ ಸುಮಾರಿಗೆ ಮರಳಿ ಅಳಿವೆಯ ಬಾಯಿಗೆ ಬಂದಾಗ, ಒಂದು ತೆರೆ ಬಂದು ಹೋದರೆ ನಾಲ್ಕು ಬೆರಳು, ಇನ್ನೊಂದು ಬಂದರೆ ಏನೂ ಇಲ್ಲ. ನೀರು ಒಳಗೆ ಬಂತು. ಹುಡುಗ ಬಾಯಿ ಕತ್ತರಿಸಿದ ಪ್ಲಾಸ್ಟಿಕ್ ಕ್ಯಾನಿನಿಂದ ಮೊಗೆದು ಮೊಗೆದು ಹೊರಗೆ ಚೆಲ್ಲುತ್ತಿದ್ದ. ನಮ್ಮವರು ಚಪ್ಪಾಳೆ ತಟ್ಟುತ್ತಿದ್ದರು, ಮಕ್ಕಳು ಕೇಕೆ ಹಾಕುತ್ತಿದ್ದವು. ಆ ಹುಡುಗನ ಮುಖ ನೋಡಿದವನು ನಾನೊಬ್ಬನೇ ಇರಬೇಕು. ಅವನು ನಗುತ್ತಿರಲಿಲ್ಲ.

ದಂಡೆ ಮುಟ್ಟಿದೆವು. ಏನೂ ಆಗಲಿಲ್ಲ.

ಊರಿಗೆ ಬರುವ ದಾರಿಯುದ್ದಕ್ಕೂ ವೈನಿಯನ್ನು ಚೇಷ್ಟೆ ಮಾಡಿದರು. "ನೋಡ್ರಿ ಮತ್ತ, ಜೀವಂತ ಬಂದೀವಿ" ಎಂದು ಒಬ್ಬೊಬ್ಬರೂ ಕೈ ತೋರಿಸಿದರು. ಮೊಮ್ಮಗ ಮುನಿಸಿಕೊಂಡು ಬೇರೆ ಗಾಡಿಯಲ್ಲಿ ಕೂತ. ವೈನಿ ಹೇಳಿದ್ದು ಒಂದೇ ಮಾತು. ದಂಡೆಯ ಮೇಲೆ ಅವರು ದಿನವಿಡೀ ಒಬ್ಬ ಮೀನುಗಾರ ಹೆಣ್ಣುಮಗಳ ಜೊತೆ ಕೂತಿದ್ದರಂತೆ. ಆಕೆ ಅಂದಳಂತೆ: ಬೆಳಿಗ್ಗೆ ಸಮುದ್ರ ಸುಮ್ಮನಿರುತ್ತದೆ, ಮಧ್ಯಾಹ್ನದ ಮೇಲೆ ಪಡುಗಾಳಿ ಏಳುತ್ತದೆ. ಇಳಿತದ ವೇಳೆ ನದಿ ಹೊರಗೆ ನುಗ್ಗುವಾಗ ಎದುರಿನಿಂದ ತೆರೆ ಬಂದರೆ ಅಳಿವೆಯಲ್ಲಿ ನೀರು ಎದ್ದು ನಿಲ್ಲುತ್ತದೆ. ಹೋಗುವಾಗ ಅಲ್ಲ, ಬರುವಾಗಲೇ ಭಯ. ಹುಣ್ಣಿಮೆ, ಅಮಾವಾಸ್ಯೆಗೆ ಇನ್ನೂ ಜೋರು. ದ್ವೀಪ ಸುತ್ತಿ ಬಂದ ನಾವು ಯಾರೂ ಕಲಿಯದ್ದನ್ನು ದಂಡೆಯ ಮೇಲೆ ಕೂತ ಅವರು ಕಲಿತು ಬಂದಿದ್ದರು. ಯಾರೂ ಕಿವಿಗೊಡಲಿಲ್ಲ.

ತಿಂಗಳೊಪ್ಪತ್ತು ಕಳೆದಿರಲಿಲ್ಲ. 2019ರ ಜನವರಿ 21, ಸೋಮವಾರ, ಪುಷ್ಯ ಹುಣ್ಣಿಮೆ. ಆ ದಿನ ಬೆಳಿಗ್ಗೆ ಸಿದ್ಧಗಂಗೆಯ ಶಿವಕುಮಾರ ಸ್ವಾಮಿಗಳು ಲಿಂಗೈಕ್ಯರಾಗಿದ್ದರು. ಓಣಿಯ ಪ್ರತಿ ಮನೆಯಲ್ಲೂ ಟಿವಿ ಹಚ್ಚಿಟ್ಟು ಕಣ್ಣೀರು ಹಾಕುತ್ತಿದ್ದರು. ನಾನೂ ವೈನಿಯ ಮನೆಯಲ್ಲೇ ಕೂತಿದ್ದೆ. ಮಠದ ಚಿತ್ರಗಳ ಕೆಳಗೆ, ಪರದೆಯ ತಳದ ಪಟ್ಟಿಯಲ್ಲಿ, ಕಾರವಾರದ ಹೆಸರು ಹರಿದು ಹೋಯಿತು. ಕೂರ್ಮಗಡದ ನರಸಿಂಹ ದೇವರ ಜಾತ್ರೆ ಮುಗಿಸಿ ಬರುತ್ತಿದ್ದ ದೋಣಿ ಮಗುಚಿದೆ. ಅದರಲ್ಲಿ ಇದ್ದವರು ಮೂವತ್ತಕ್ಕೂ ಹೆಚ್ಚು, ದೋಣಿ ಹೊರಬೇಕಾದ್ದಕ್ಕಿಂತ ಹೆಚ್ಚು. ಮೀನುಗಾರರು, ಕರಾವಳಿ ಕಾವಲು ಪಡೆ, ನೌಕಾಪಡೆಯವರು ಕೂಡಿ ಕೆಲವರನ್ನು ಬದುಕಿಸಿದರು. 16 ಮಂದಿ ಬದುಕಲಿಲ್ಲ. ಅವರಲ್ಲಿ ಹಲವರು ಹಾವೇರಿ ಜಿಲ್ಲೆ ಶಿಗ್ಗಾವಿ ತಾಲ್ಲೂಕಿನ ಹೊಸೂರಿನವರು, ಒಂದೇ ಮನೆತನದವರು, ಮಕ್ಕಳು ಕೂಡ. ಶಿಗ್ಗಾವಿ ನಮ್ಮಿಂದ ಒಂದು ತಾಸಿನ ದಾರಿ. ನಮ್ಮ ಹಾಗೇ ಬಯಲುಸೀಮೆಯವರು, ನಮ್ಮ ಹಾಗೇ ಬುತ್ತಿ ಕಟ್ಟಿಕೊಂಡು ಹೋದವರು. ನಾವು ಹತ್ತಿದ ದೋಣಿ ಅದಲ್ಲ. ದಾರಿ ಮಾತ್ರ ಅದೇ, ದ್ವೀಪ ಅದೇ, ಅಳಿವೆ ಅದೇ.

ವೈನಿ ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದರು: "ಆ ಹುಡುಗುರು ಎಷ್ಟು ವಯಸ್ಸಿನವಂತೋ?"

ಅವತ್ತು ನಾನು ಹೇಳಿಬಿಟ್ಟೆ. ದೋಣಿಯ ಹಿಂದೆ ಮೂವತ್ತು ಅಂತ ಇರಲಿಲ್ಲ, ಇಪ್ಪತ್ತು ಅಂತ ಇತ್ತು ಎಂದೆ.

"ಗೊತ್ತಿತ್ತು ತಮ್ಮಾ" ಅಂದರು. "ನನ್ನ ಮಾರಿ ನೋಡದನ ಹೇಳಿದಿ. ನೀ ಹನ್ನೆರಡು ವರ್ಷದಾವ ಇದ್ದಾಗಿಂದ ನಾ ನಿನ್ನ ನೋಡೇನಿ."

ಈ ಪ್ರಕರಣವನ್ನು ನಾನು ಇಷ್ಟು ವರ್ಷ ಮನಸ್ಸಿನಲ್ಲಿ ಮಗುಚಿ ಹಾಕುತ್ತಿದ್ದೇನೆ. 'ಏನೂ ಆಗಲಿಲ್ಲವಲ್ಲ' ಎಂದು ಸಮಾಧಾನ ಹೇಳುವವರು ಹಲವರು. ಆ ಮಾತನ್ನು ನಾನು ಒಪ್ಪಲಾರೆ. ನಮ್ಮ ದೋಣಿ ದಂಡೆ ಮುಟ್ಟಿತು, ಆ ದೋಣಿ ಮುಟ್ಟಲಿಲ್ಲ. ನಡುವಿನ ಅಂತರ ಒಂದು ತೆರೆ, ನಾಲ್ಕು ಬೆರಳು. ಆ ನಾಲ್ಕು ಬೆರಳನ್ನು ಕೊಟ್ಟದ್ದು ನನ್ನ ವಿವೇಕವಲ್ಲ, ಗಾಳಿ. ಗಾಳಿ ಕೊಟ್ಟದ್ದನ್ನು ನನ್ನ ಪುಣ್ಯದ ಖಾತೆಗೆ ಬರೆದುಕೊಳ್ಳಲು ನನಗೆ ಹಕ್ಕಿಲ್ಲ.

ಇದನ್ನೇ ಇಂಗ್ಲೆಂಡಿನ ಗಣಿತಜ್ಞ ವಿಲಿಯಂ ಕಿಂಗ್ಡನ್ ಕ್ಲಿಫರ್ಡ್ 1877ರಲ್ಲಿ ಪ್ರಕಟಿಸಿದ ಒಂದು ಪ್ರಬಂಧದಲ್ಲಿ ಎತ್ತಿದ್ದಾನೆ. ಒಬ್ಬ ಹಡಗಿನ ಮಾಲೀಕ. ಹಡಗು ಹಳೆಯದು, ಹಲವು ಸಲ ದುರಸ್ತಿ ಕಂಡದ್ದು. ಹೊರದೇಶಕ್ಕೆ ವಲಸೆ ಹೊರಟ ಕುಟುಂಬಗಳನ್ನು ಅದರಲ್ಲಿ ಕಳಿಸಬೇಕು. ಮನಸ್ಸಿನಲ್ಲಿ ಸಂಶಯ ಎದ್ದರೆ ಅವನು ಅದನ್ನು ಒತ್ತಿ ಒತ್ತಿ ಕೂರಿಸುತ್ತಾನೆ. ಇಷ್ಟು ದಿನ ಸುರಕ್ಷಿತವಾಗಿ ಬಂದಿದೆ, ಮುಂದೆಯೂ ಬರುತ್ತದೆ, ದೇವರಿದ್ದಾನೆ ಎಂದು ತನಗೆ ತಾನೇ ಹೇಳಿಕೊಂಡು ಕೊನೆಗೆ ಅದನ್ನೇ ಮನಸಾರೆ ನಂಬುತ್ತಾನೆ. ಹಡಗು ಮುಳುಗುತ್ತದೆ, ವಿಮೆಯ ಹಣ ಅವನ ಕೈಗೆ ಬರುತ್ತದೆ. ಅವನು ತಪ್ಪಿತಸ್ಥ ಎನ್ನಲು ಯಾರಿಗೂ ಕಷ್ಟವಿಲ್ಲ. ಆಮೇಲೆ ಕ್ಲಿಫರ್ಡ್ ಕೇಳುವ ಪ್ರಶ್ನೆ ಬೇರೆ. ಹಡಗು ಮುಳುಗದೆ ದಡ ಸೇರಿದ್ದರೆ? ಆಗಲೂ ಮಾಲೀಕನ ತಪ್ಪು ಕೂದಲಷ್ಟೂ ಕಡಿಮೆಯಾಗದು ಎಂಬುದು ಕ್ಲಿಫರ್ಡನ ತೀರ್ಪು. ಬರೆದವನು ಮನೆಯೊಳಗೆ ಕೂತು ಬರೆದವನಲ್ಲ. 1870ರಲ್ಲಿ ಸೂರ್ಯಗ್ರಹಣ ನೋಡಲು ಹೋದ ವಿಜ್ಞಾನಿಗಳ ತಂಡದಲ್ಲಿದ್ದು, ಸಿಸಿಲಿಯ ಕರಾವಳಿಯಲ್ಲಿ ಹಡಗು ಒಡೆದು ಬದುಕಿ ಬಂದವನು.

ಅದೇ ಕಾಲಕ್ಕೆ ಇಂಗ್ಲೆಂಡಿನ ಸಂಸತ್ತಿನಲ್ಲಿ ಸ್ಯಾಮ್ಯುಯೆಲ್ ಪ್ಲಿಮ್‌ಸೋಲ್ ಎಂಬ ಸದಸ್ಯ ಹಡಗುಗಳಿಗೆ ಅಳತೆ ಮೀರಿ ಹೇರುವುದರ ವಿರುದ್ಧ ಹೋರಾಡುತ್ತಿದ್ದ. ಹೆಚ್ಚು ಹೇರಿದಷ್ಟೂ ಲಾಭ, ಮುಳುಗಿದರೆ ವಿಮೆ, ಸತ್ತವರು ಬಡ ನಾವಿಕರು. 1876ರ ಕಾಯ್ದೆಯಿಂದ ಹಡಗಿನ ಹೊರಮೈಗೆ ಒಂದು ಗೆರೆ ಬಂತು. ನೀರು ಆ ಗೆರೆ ದಾಟಬಾರದು. ಈ ಹೊತ್ತಿಗೂ ಸಮುದ್ರದ ಹಡಗುಗಳ ಮೇಲೆ ಆ ಗೆರೆ ಇದೆ, ಅದಕ್ಕೆ ಅವನದೇ ಹೆಸರಿದೆ. ಗೆರೆ ಬಳಿಯುವುದು ಪೇಂಟರನ ಕೆಲಸ. ನನ್ನ ಕೆಲಸ. ಅದಕ್ಕೇ ನನ್ನ ಪಾಲಿನ ತಪ್ಪು ದೊಡ್ಡದು ಎನ್ನುತ್ತೇನೆ.

ಗೊತ್ತಿದ್ದೂ ಯಾಕೆ ಸುಮ್ಮನಿದ್ದೆ? ಈ ಪ್ರಶ್ನೆಗೆ ನಾನು ಹುಡುಕಿಕೊಂಡ ಉತ್ತರ ನನ್ನ ವರ್ಕ್‌ಶಾಪಿನಲ್ಲೇ ಇದೆ. ಜನರಲ್ ಡಬ್ಬಿಯ ಮೇಲೆ ನಾನು 90 ಎಂದು ಬರೆಯುತ್ತಿದ್ದೆ. ದೀಪಾವಳಿಗೆ, ಯುಗಾದಿಗೆ ಅದೇ ಡಬ್ಬಿಯಲ್ಲಿ ಅದರ ಇಮ್ಮಡಿ ಜನ ಹತ್ತುವುದನ್ನು ಹುಬ್ಬಳ್ಳಿ ಸ್ಟೇಷನ್ನಿನಲ್ಲಿ ಕಣ್ಣಾರೆ ನೋಡುತ್ತಿದ್ದೆ. ಡಬ್ಬಿ ಹೊರಡುತ್ತಿತ್ತು, ತಲುಪುತ್ತಿತ್ತು. ನೆಲದ ಮೇಲೆ ಬರೆದ ಅಂಕಿ ಒಂದು ಆಸೆ ಇದ್ದಂತೆ, ಮೀರಿದರೂ ಸ್ಪ್ರಿಂಗು, ಚಕ್ರ, ಹಳಿ ಹೇಗೋ ತಾಳಿಕೊಳ್ಳುತ್ತವೆ ಎಂಬುದು ಮೂವತ್ತೆರಡು ವರ್ಷದಲ್ಲಿ ನನ್ನ ರಕ್ತಕ್ಕೆ ಇಳಿದಿತ್ತು. ದೋಣಿಯ 20ನ್ನೂ ಹಾಗೇ ಓದಿದೆ. ನೀರಿನ ಮೇಲಿನ ಅಂಕಿ ಆಸೆಯಲ್ಲ. ನೆಲ ಕೆಳಗಿನಿಂದ ಹೊರುತ್ತದೆ, ನೀರು ಹಾಗಲ್ಲ. ಜನ ಹೆಚ್ಚಿದಂತೆ ದೋಣಿ ಕೆಳಗಿಳಿಯುತ್ತದೆ, ಎದ್ದು ನಿಂತರೆ ಭಾರ ಮೇಲೆ ಬರುತ್ತದೆ, ಒಳಗೆ ಸೇರಿದ ನೀರು ದೋಣಿ ವಾಲಿದ ಕಡೆಗೇ ಹರಿದು ಅದನ್ನು ಇನ್ನಷ್ಟು ವಾಲಿಸುತ್ತದೆ. ಮೊದಲು ಸ್ವಲ್ಪ, ಆಮೇಲೆ ಒಮ್ಮೆಲೆ. ಬಸ್ಸು ಕೆಟ್ಟು ನಿಂತರೆ ಇಳಿದು ನಿಲ್ಲಬಹುದು, ದೋಣಿಯಲ್ಲಿ ಇಳಿಯಲು ಜಾಗವೇ ಇಲ್ಲ.

ಇನ್ನೊಂದು ಕಾರಣ ನಮ್ಮ ಒಳ್ಳೆಯತನ. ಇದನ್ನು ಹೇಳುವಾಗ ನನಗೆ ನೋವಾಗುತ್ತದೆ, ಯಾಕೆಂದರೆ ಆ ಗುಣವನ್ನು ನಾನು ಪ್ರೀತಿಸುತ್ತೇನೆ. ನಮ್ಮ ಕಡೆಯ ಕೆಂಪು ಬಸ್ಸಿನಲ್ಲಿ ಮೂವರ ಸೀಟಿನಲ್ಲಿ ನಾಲ್ಕನೆಯವನಿಗೆ ಜಾಗ ಕೊಡುವುದು ಧರ್ಮ. ಕಿಟಕಿಯಿಂದ ಕೂಸನ್ನು ಯಾರದೋ ಕೈಗೆ ಕೊಟ್ಟು ತಾಯಿ ಬಾಗಿಲಿನಿಂದ ಹತ್ತುತ್ತಾಳೆ. ಕೂಸು ಅಪರಿಚಿತರ ತೊಡೆಯ ಮೇಲೆ ನಿದ್ದೆ ಮಾಡುತ್ತದೆ. ಮದುವೆ ಊಟಕ್ಕೆ ನೂರು ಮಂದಿ ಹೆಚ್ಚು ಬಂದರೂ ಸಾರಿಗೆ ನೀರು ಬೆರೆಸಿ ಎಲ್ಲರಿಗೂ ಎಲೆ ಹಾಕುತ್ತೇವೆ. 'ಸ್ವಲ್ಪ ಸರೀರಿ' ಎನ್ನುವ ಮಾತಿನ ಮೇಲೆ ನಮ್ಮ ನಾಡಿನ ಸಂಸಾರ ನಿಂತಿದೆ. ದೋಣಿಯಲ್ಲಿಯೂ ನಮ್ಮವರು ಅದೇ ಧರ್ಮದಿಂದ ಸರಿದರು. ನನ್ನ ಹೆಂಡತಿ ಕೂಸಿನ ತಾಯಿಗೆ ಜಾಗ ಮಾಡಿದ್ದು ಕರುಣೆಯಿಂದ. ಆದರೆ ಆ ಕರುಣೆ ಆ ಕೂಸನ್ನು ಇನ್ನಷ್ಟು ಅಪಾಯಕ್ಕೆ ಒಡ್ಡಿತು. ದಂಡೆಯ ಮೇಲೆ ಯಾವುದು ದಯೆಯೋ ನೀರಿನ ಮೇಲೆ ಅದು ದಯೆಯಲ್ಲ. ಅಲ್ಲಿ 'ಜಾಗ ಇಲ್ಲ' ಎಂದು ಕಟುವಾಗಿ ಹೇಳಿದವರೇ ಬಂಧುಗಳು. ವೈನಿ ಆ ದಿನ ನಮಗೆ ಹಟಮಾರಿಯಂತೆ ಕಂಡರು. ನಮ್ಮೆಲ್ಲರ ಭಾರದಿಂದ ತನ್ನ ಭಾರವನ್ನೂ ಮೊಮ್ಮಗನ ಭಾರವನ್ನೂ ಇಳಿಸಿದ್ದು ಅವರೊಬ್ಬರೇ.

ಬೇರೆ ಕಡೆಯೂ ಕಥೆ ಇದೇ. 1924ರ ಜನವರಿ 16ರಂದು ಕೇರಳದ ಪಲ್ಲನದಲ್ಲಿ 'ರಿಡೀಮರ್' ಎಂಬ ದೋಣಿ ಮಗುಚಿ ಮಲಯಾಳದ ಮಹಾಕವಿ ಕುಮಾರನ್ ಆಶಾನ್ ಹೋದರು. ತಿರುವನಂತಪುರದ ದೇವಸ್ಥಾನದ ಮುರಜಪ ಉತ್ಸವ ಮುಗಿಸಿ ಬರುವವರಿಂದ ದೋಣಿ ತುಂಬಿತ್ತು. 2009ರ ಸೆಪ್ಟೆಂಬರ್ 30ರಂದು ತೇಕಡಿಯ ಪೆರಿಯಾರ್ ಜಲಾಶಯದಲ್ಲಿ, ದಂಡೆಯ ಪ್ರಾಣಿಗಳನ್ನು ನೋಡಲು ಜನ ಒಂದು ಬದಿಗೆ ಸರಿದಾಗ ದೋಣಿ ಮಗುಚಿ 45 ಮಂದಿ ಸತ್ತರು. ನಮ್ಮ ಡಾಲ್ಫಿನ್ ನೆನಪಾದಾಗಲೆಲ್ಲ ನನಗೆ ತೇಕಡಿ ನೆನಪಾಗುತ್ತದೆ. 2023ರ ಮೇ 7ರಂದು ಮಲಪ್ಪುರಂ ಜಿಲ್ಲೆಯ ತಾನೂರಿನಲ್ಲಿ 22 ಮಂದಿ. 2024ರ ಜನವರಿ 18ರಂದು ವಡೋದರದ ಹರಣಿ ಕೆರೆಯಲ್ಲಿ ಶಾಲೆಯ ಪ್ರವಾಸಕ್ಕೆ ಬಂದ 12 ಮಕ್ಕಳು, ಇಬ್ಬರು ಶಿಕ್ಷಕಿಯರು. ಈಚಿನ ಇಂಥ ದುರಂತಗಳ ಸುದ್ದಿಯಲ್ಲಿ ಹೆಚ್ಚುಕಡಿಮೆ ಅದೇ ಎರಡು ಮಾತು ಬರುತ್ತವೆ: ಜನ ಹೆಚ್ಚಿದ್ದರು, ಎಲ್ಲರ ಮೈಮೇಲೆ ಜಾಕೆಟ್ ಇರಲಿಲ್ಲ.

ಇಲ್ಲಿ ಒಂದು ಮಾತು ಸ್ಪಷ್ಟವಾಗಿರಲಿ. ಸತ್ತವರ ಮೇಲೆ ತಪ್ಪು ಹೊರಿಸಲು ನಾನು ಇದನ್ನು ಬರೆಯುತ್ತಿಲ್ಲ. ಹೊಸೂರಿನಿಂದ ಹೋದವರು ದೇವರ ದರ್ಶನಕ್ಕೆ ಹೋದವರು. ಸಮುದ್ರ ಗೊತ್ತಿಲ್ಲದವರು ಸಮುದ್ರ ಗೊತ್ತಿರುವವರನ್ನು ನಂಬಿದರು. ನಂಬಿದ್ದು ತಪ್ಪಲ್ಲ. ಮೊದಲ ಹೊಣೆ ಹಣ ತೆಗೆದುಕೊಂಡು ಜನರನ್ನು ಹತ್ತಿಸಿಕೊಂಡವನದು. ಎರಡನೆಯದು ಹೊರಡುವ ಮುನ್ನ ದಂಡೆಯ ಮೇಲೆ ನಿಂತು ತಡೆಯಬೇಕಾದ ಆಡಳಿತದ್ದು. ಒಳನಾಡು ಹಡಗುಗಳ ಬಗ್ಗೆ 1917ರಿಂದ ಇದ್ದ ಕಾಯ್ದೆಯನ್ನು ತೆಗೆದು ದೇಶದಲ್ಲಿ 2021ರಲ್ಲಿ ಹೊಸ ಕಾಯ್ದೆ ಮಾಡಿದ್ದಾರೆ. ನೋಂದಣಿ, ತಪಾಸಣೆ, ಜೀವರಕ್ಷಕ ಸಾಧನ ಎಲ್ಲವೂ ಅದರಲ್ಲಿದೆ. ಕಾಗದದ ಮೇಲಿನ ಮಾತನ್ನು ದಂಡೆಗೆ ತರಬೇಕಾದವರು ತರಬೇಕು. ಆದರೆ ನನ್ನ ಪ್ರಕರಣದಲ್ಲಿ ದೋಣಿಯವ, ಇಲಾಖೆ ಎಂದು ಬೊಟ್ಟು ಮಾಡಿ ನಾನು ಪಾರಾಗಲಾರೆ. ಆ ಇಬ್ಬರೂ ತಪ್ಪಿದ ಮೇಲೂ ಇನ್ನೊಂದು ಬಾಗಿಲು ಉಳಿದಿತ್ತು. ಅಂಕಿ ಓದಿದ ಒಬ್ಬ ಮನುಷ್ಯ ಆ ದೋಣಿಯಲ್ಲಿದ್ದ. ಅವನನ್ನು ಒಬ್ಬ ಹೆಣ್ಣುಮಗಳು ನೇರವಾಗಿ ಕೇಳಿದಳು. ಅವನು ಮುಖ ತಿರುಗಿಸಿ ಸುಳ್ಳು ಹೇಳಿದ. ಗೊತ್ತಿಲ್ಲದವನ ಮೌನಕ್ಕೂ ಗೊತ್ತಿದ್ದವನ ಮೌನಕ್ಕೂ ಒಂದೇ ಬೆಲೆ ಕಟ್ಟುವ ನ್ಯಾಯ ನನಗೆ ಒಪ್ಪಿಗೆಯಿಲ್ಲ.

ಆ ಏಳು ಮಂದಿಯ ಕುಟುಂಬಕ್ಕೆ ನಾನು ಯಾರು ಎಂಬುದು ಗೊತ್ತಿಲ್ಲ. ಕೂಸಿಗೆ ಈಗ ಸಾಲೆಗೆ ಹೋಗುವ ವಯಸ್ಸು. ಅವರ ಹತ್ತಿರ ಹೋಗಿ ಹೇಳಬೇಕೆಂದರೆ ಊರು ಹೆಸರು ಏನೂ ಕೇಳಿಕೊಂಡಿರಲಿಲ್ಲ. ಅದಕ್ಕೇ ಇಲ್ಲಿ ಹೇಳುತ್ತಿದ್ದೇನೆ.

ಮೊಮ್ಮಗನಿಗೆ ಈಗ ಮೀಸೆ ಚಿಗುರುತ್ತಿದೆ. ಅಜ್ಜಿಯ ಮೇಲಿನ ಮುನಿಸು ಎಂದೋ ಮುಗಿದಿದೆ. ಕಾರವಾರದ ಆ ದಿನದ ವಿಷಯ ನಾನೇ ಅವನಿಗೆ ಹೇಳಿದ್ದೇನೆ, 20ರ ವಿಷಯವನ್ನೂ ಸೇರಿಸಿ. ಅವನು ಈಜು ಕಲಿಯುತ್ತೇನೆ ಎಂದ. ಕಲಿ, ಆದರೆ ಈಜು ಬಂದವರೂ ಅಳಿವೆಯಲ್ಲಿ ಹೋಗಿದ್ದಾರೆ, ಮೊದಲು ಎಣಿಸುವುದನ್ನು ಕಲಿ ಎಂದೆ.

ಬರುವ ಪುಷ್ಯ ಹುಣ್ಣಿಮೆಗೆ ಕೂರ್ಮಗಡದ ಜಾತ್ರೆಗೆ ಹೋಗುವವರು ಇದನ್ನು ಓದುವವರಲ್ಲಿ ಇರಬಹುದು. ರಜೆಗೆ ದೇವಬಾಗಕ್ಕೆ, ಹೊನ್ನಾವರದ ಶರಾವತಿಗೆ, ಮಲ್ಪೆಯ ಸೇಂಟ್ ಮೇರಿಸ್‌ಗೆ ಹೊರಟವರೂ ಇರಬಹುದು. ಹೋಗಿ ಬನ್ನಿ, ನೋಡಬೇಕಾದ ನೀರು ಅದು. ಹಣ ಕೊಡುವ ಮೊದಲು ಎಷ್ಟು ಜನಕ್ಕೆ ಪರವಾನಗಿ ಎಂದು ಕೇಳಿ, ದೋಣಿಯ ಮೇಲೆ ಬರೆದದ್ದನ್ನು ನೀವೇ ಓದಿ. ಜಾಕೆಟ್ ತಾಡಪತ್ರಿಯ ಕೆಳಗಲ್ಲ, ಕೂಸಿನಿಂದ ಹಿಡಿದು ಎಲ್ಲರ ಮೈಮೇಲೆ ಇರಲಿ. ಆಮೇಲೆ ದೋಣಿಯಲ್ಲಿ ಕೂತವರನ್ನು ಎಣಿಸಿ. ಮನಸ್ಸಿನಲ್ಲಿ ಬೇಡ, ನಾನು ಹಾಗೇ ಎಣಿಸಿದ್ದೆ. ಎಲ್ಲರಿಗೂ ಕೇಳುವಂತೆ, ಬಾಯಿಬಿಟ್ಟು ಎಣಿಸಿ.